ಎರಡು ಬಣಗಳ ನಡುವೆ ನಿಂತ ಸೇನಾನಿ: ಜನರಲ್ ತಿಮ್ಮಯ್ಯ

ಶಾಲೆಯ ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗಾಗಿ ಮಹನೀಯರೊಬ್ಬರ ಜೀವನವನ್ನು ಕುರಿತು ಬರೆದುಕೊಡಬೇಕೆಂದು ಸಂಪಾದಕ ಸಮಿತಿಯವರು ಕೇಳಿಕೊಂಡಾಗ ನನಗೆ ಮೊದಲು ನೆನಪಾದದ್ದು ಮಡಿಕೇರಿಯ ಒಂದು ಪ್ರತಿಮೆ. ಅದರೊಂದಿಗೇ ನೆನಪಾದದ್ದು, ಆ ಪ್ರತಿಮೆಯ ಕೆಳಗೆ ನಿಂತು ಒಂಬತ್ತನೆಯ ತರಗತಿಯ ವಿದ್ಯಾರ್ಥಿಯೊಬ್ಬ ನನ್ನನ್ನು ಕೇಳಿದ ಪ್ರಶ್ನೆ. ಆ ದಿನ ಅವನಿಗೆ ಸರಿಯಾದ ಉತ್ತರವನ್ನು ಕೊಡಲು ನನ್ನಿಂದಾಗಲಿಲ್ಲ. ಸಮಾಜ ಪಾಠದ ಅಧ್ಯಾಪಕನಾಗಿ ಈ ಶಾಲೆಯಲ್ಲಿ ದುಡಿದ ವರ್ಷಗಳಲ್ಲಿ ನಾನು ಉಳಿಸಿಕೊಂಡ ಸಾಲಗಳಲ್ಲಿ ಅದೂ ಒಂದು. ಈ ಲೇಖನದ ಮೂಲಕ ಅದನ್ನು ತೀರಿಸಲು ಪ್ರಯತ್ನಿಸುತ್ತೇನೆ.

ನಮ್ಮೂರಿನ ಬಳಿ ಹರಿಯುವ ಪಯಸ್ವಿನಿ ಹೊಳೆ ಹುಟ್ಟುವುದು ಕೊಡಗಿನ ಬೆಟ್ಟಗಳಲ್ಲಿ. ಆ ಹೊಳೆಯ ಜಾಡಿನಲ್ಲಿಯೇ ಎಂಬಂತೆ ನಾವು ಸುಳ್ಯ ದಾಟಿ, ಸಂಪಾಜೆಯ ಘಾಟಿಯನ್ನೇರಿ, ಶೈಕ್ಷಣಿಕ ಪ್ರವಾಸಕ್ಕೆಂದು ಮಕ್ಕಳನ್ನು ಮಡಿಕೇರಿಗೆ ಕರೆದುಕೊಂಡು ಹೋಗಿದ್ದೆವು. ಪಟ್ಟಣದಲ್ಲಿ ಜನರಲ್ ತಿಮ್ಮಯ್ಯನವರ ಪ್ರತಿಮೆಯ ಮುಂದೆ ಮಕ್ಕಳನ್ನು ಸಾಲಾಗಿ ನಿಲ್ಲಿಸಿ, ಅವರು ಕಾಶ್ಮೀರದ ಜೋಜಿ ಲಾ ಕಣಿವೆಯನ್ನು ಗೆದ್ದ ಸಂಗತಿಯನ್ನು ನಾನು ಉತ್ಸಾಹದಿಂದ ವಿವರಿಸಿದೆ. ಆಗ ಆ ಹುಡುಗ, ಅವರು ಯಾವ ಯುದ್ಧದಲ್ಲಿ ಮಡಿದರೆಂದು ಕೇಳಿದ. ಯುದ್ಧದಲ್ಲಿ ಅಲ್ಲ, ಸೈಪ್ರಸ್ ಎಂಬ ದ್ವೀಪದಲ್ಲಿ ಕರ್ತವ್ಯದ ಮೇಲಿದ್ದಾಗ ಹೃದಯಾಘಾತದಿಂದ ತೀರಿಕೊಂಡರೆಂದು ಹೇಳಿದೆ. ಸೈಪ್ರಸಿನಲ್ಲಿ ನಮ್ಮವರಿಗೆ ಏನು ಕೆಲಸ, ಅಲ್ಲಿ ನಮ್ಮ ಶತ್ರುಗಳು ಯಾರಿದ್ದರು ಎಂಬುದು ಅವನ ಮುಂದಿನ ಪ್ರಶ್ನೆ. ವಿಶ್ವಸಂಸ್ಥೆಯ ಶಾಂತಿಪಾಲನಾ ಪಡೆ ಎಂದು ಪಠ್ಯಪುಸ್ತಕದ ನಾಲ್ಕು ಮಾತುಗಳನ್ನು ಹೇಳಿ ಮುಗಿಸಿದೆ. ಹುಡುಗನ ಮುಖದಲ್ಲಿ ಸಮಾಧಾನ ಕಾಣಲಿಲ್ಲ. ಘಾಟಿಯಿಳಿದು ಊರಿಗೆ ಮರಳುವಾಗ ನನಗೂ ಸಮಾಧಾನವಿರಲಿಲ್ಲ. ಶತ್ರುವೇ ಇಲ್ಲದ ಊರಿನಲ್ಲಿ ಒಬ್ಬ ಸೇನಾನಿ ಮಾಡುವ ಕೆಲಸವಾದರೂ ಏನು? ಬಳಿಕ ದೊರೆತ ಪುಸ್ತಕಗಳನ್ನೆಲ್ಲ ಓದುತ್ತ ಹೋದಂತೆ, ತಿಮ್ಮಯ್ಯನವರ ಬದುಕಿನ ಬಹುಭಾಗವೇ ಈ ಪ್ರಶ್ನೆಗೆ ಉತ್ತರವಾಗಿದೆ ಎಂದು ನನಗೆ ತೋರಿತು.

ಕೊಡಂದೇರ ಸುಬ್ಬಯ್ಯ ತಿಮ್ಮಯ್ಯನವರು ಜನಿಸಿದ್ದು 1906ರ ಮಾರ್ಚ್ ತಿಂಗಳ ಕೊನೆಯಲ್ಲಿ, ಮಡಿಕೇರಿಯಲ್ಲಿ. ಕಾಫಿ ತೋಟಗಳಿದ್ದ ಅನುಕೂಲಸ್ಥ ಕುಟುಂಬ. ಎಳವೆಯಲ್ಲಿಯೇ ಅವರನ್ನು ನೀಲಗಿರಿಯ ಕೂನೂರಿನಲ್ಲಿದ್ದ ಸಂತ ಜೋಸೆಫರ ಶಾಲೆಗೆ ಕಳುಹಿಸಲಾಯಿತು. ಆಮೇಲೆ ಬೆಂಗಳೂರಿನ ಬಿಷಪ್ ಕಾಟನ್ ಶಾಲೆ, ಅಲ್ಲಿಂದ ಡೆಹ್ರಾಡೂನಿನ ಸೈನಿಕ ವಿದ್ಯಾಲಯ, ಕೊನೆಗೆ ಇಂಗ್ಲೆಂಡಿನ ಸ್ಯಾಂಡ್‌ಹರ್ಸ್ಟ್. 1926ರಲ್ಲಿ ಅವರು ಅಧಿಕಾರಿಯಾಗಿ ಸೇನೆಯನ್ನು ಸೇರಿದರು. ಭಾರತೀಯರಿಗೆ ಅಧಿಕಾರಿಯ ಹುದ್ದೆ ದೊರೆಯುವುದೇ ವಿರಳವಾಗಿದ್ದ ಕಾಲವದು. ದೊರೆತರೂ ಬ್ರಿಟಿಷ್ ಅಧಿಕಾರಿಗಳ ನಡುವೆ ಸರಿಸಮಾನರಾಗಿ ಕುಳಿತುಕೊಳ್ಳುವುದು ಸುಲಭವಾಗಿರಲಿಲ್ಲ. ಅತ್ತ ದೇಶದಲ್ಲಿ ಸ್ವಾತಂತ್ರ್ಯ ಚಳವಳಿ ಏರುತ್ತಿತ್ತು; ಇತ್ತ ತಾವು ಪರಕೀಯ ಸರ್ಕಾರದ ಸಮವಸ್ತ್ರವನ್ನು ತೊಟ್ಟಿದ್ದರು. ಈ ಇಕ್ಕಟ್ಟಿನಲ್ಲಿ ಸೇನೆಯನ್ನು ಬಿಟ್ಟುಬಿಡುವ ಯೋಚನೆ ಅವರಿಗೆ ಬಂದಿತ್ತೆಂದೂ, ಸ್ವತಂತ್ರ ಭಾರತಕ್ಕೆ ನುರಿತ ಸೇನಾಧಿಕಾರಿಗಳು ಬೇಕಾಗುತ್ತಾರೆಂಬ ಮೋತಿಲಾಲ್ ನೆಹರೂ ಅವರ ಸಲಹೆಯಂತೆ ಅವರು ಸೇನೆಯಲ್ಲಿಯೇ ಉಳಿದರೆಂದೂ ಅವರ ಜೀವನಚರಿತ್ರೆಯಿಂದ ತಿಳಿಯುತ್ತದೆ.

1935ರಲ್ಲಿ ಅವರು ಕೊಡಗಿನವರೇ ಆದ ನೀನಾ ಅವರನ್ನು ಮದುವೆಯಾದರು. ಅದೇ ವರ್ಷ ಕ್ವೆಟ್ಟಾದಲ್ಲಿ ಭೀಕರ ಭೂಕಂಪವಾದಾಗ ದಂಪತಿಗಳಿಬ್ಬರೂ ಅಲ್ಲಿದ್ದರು. ನೊಂದವರ ಸೇವೆಗಾಗಿ ನೀನಾ ಅವರಿಗೆ ಕೈಸರ್-ಇ-ಹಿಂದ್ ಪದಕ ದೊರೆಯಿತು. ಎರಡನೆಯ ಮಹಾಯುದ್ಧದಲ್ಲಿ ತಿಮ್ಮಯ್ಯನವರು ಬರ್ಮಾದ ಅರಕಾನ್ ಪ್ರದೇಶದಲ್ಲಿ ಹೈದರಾಬಾದ್ ರೆಜಿಮೆಂಟಿನ ದಳವೊಂದನ್ನು ಮುನ್ನಡೆಸಿದರು. 1945ರ ಆರಂಭದಲ್ಲಿ ಕಾಂಗಾವ್ ಎಂಬಲ್ಲಿ ನಡೆದ ಘೋರ ಕಾಳಗದಲ್ಲಿ ತೋರಿದ ನಾಯಕತ್ವಕ್ಕಾಗಿ ಅವರಿಗೆ ಡಿ.ಎಸ್.ಓ. ಪದಕ ಬಂದಿತು. ರಣರಂಗದಲ್ಲಿ ಬ್ರಿಗೇಡ್ ಒಂದರ ನಾಯಕತ್ವ ವಹಿಸಿದ ಮೊದಲ ಭಾರತೀಯರೂ ಅವರೇ. ಅವರು ಹೀಗೆ ಬ್ರಿಟಿಷರ ಪರವಾಗಿ ಜಪಾನೀಯರ ಎದುರು ಹೋರಾಡುತ್ತಿದ್ದಾಗ, ಅವರ ಅಣ್ಣ ಪೊನ್ನಪ್ಪನವರು ಸಿಂಗಾಪುರದಲ್ಲಿ ಸುಭಾಷಚಂದ್ರ ಬೋಸರ ಆಜಾದ್ ಹಿಂದ್ ಸೇನೆಯನ್ನು ಸೇರಿದ್ದರು. ಒಂದೇ ಮನೆಯ ಇಬ್ಬರು ಮಕ್ಕಳು ಎದುರುಬದುರು ಸೇನೆಗಳಲ್ಲಿ. ಇಬ್ಬರೂ ತಂತಮ್ಮ ತಿಳಿವಿನಲ್ಲಿ ದೇಶಕ್ಕಾಗಿಯೇ ದುಡಿದವರು. ಎದುರು ಬಣದಲ್ಲಿ ನಿಂತವನೂ ನಮ್ಮವನೇ ಆಗಿರಬಹುದೆಂಬ ಪಾಠ ತಿಮ್ಮಯ್ಯನವರಿಗೆ ಪುಸ್ತಕದಿಂದ ಬಂದುದಲ್ಲ, ಮನೆಯಿಂದಲೇ ಬಂದುದು.

1947ರ ದೇಶವಿಭಜನೆ ಆ ಪಾಠವನ್ನು ಇನ್ನಷ್ಟು ಕಹಿಯಾಗಿ ಕಲಿಸಿತು. ಪಂಜಾಬಿನಲ್ಲಿ ಹಿಂಸೆಯನ್ನು ತಡೆಯಲೆಂದು ಜನರಲ್ ರೀಸ್ ಅವರ ನಾಯಕತ್ವದಲ್ಲಿ ಗಡಿಪಡೆಯೊಂದನ್ನು ರಚಿಸಲಾಗಿತ್ತು. ಹಿಂದೂ, ಮುಸ್ಲಿಂ, ಸಿಖ್ ಯೋಧರೆಲ್ಲರೂ ಅದರಲ್ಲಿದ್ದರು. ಊರೂರುಗಳು ಉರಿಯುತ್ತಿದ್ದಾಗ, ತಮ್ಮ ಬಂಧುಗಳ ಸಾವಿನ ಸುದ್ದಿ ಬರುತ್ತಿದ್ದಾಗ, ಆ ಯೋಧರು ಯಾರ ಪಕ್ಷವನ್ನೂ ವಹಿಸದೆ ನಿಲ್ಲಬೇಕಾಗಿತ್ತು. ಅದು ಮನುಷ್ಯಮಾತ್ರರಿಗೆ ಬಹಳ ಕಷ್ಟದ ಮಾತು. ಒಂದೇ ತಿಂಗಳಲ್ಲಿ ಆ ಪಡೆಯನ್ನು ವಿಸರ್ಜಿಸಬೇಕಾಯಿತು. ಆ ಸೆಪ್ಟೆಂಬರಿನಲ್ಲಿ ಮೇಜರ್ ಜನರಲ್ ಹುದ್ದೆಗೇರಿ ನಾಲ್ಕನೆಯ ಡಿವಿಜನ್ನಿನ ಹೊಣೆಯನ್ನು ಹೊತ್ತ ತಿಮ್ಮಯ್ಯನವರು ನಿರಾಶ್ರಿತರ ಸಾಗಾಟವನ್ನೂ ರಕ್ಷಣೆಯನ್ನೂ ನಡೆಸಿದರು. ಅಂತರ್ಯುದ್ಧದ ನಡುವೆ ಶಾಂತಿ ಕಾಯಲು ಹೊರದೇಶದ ಸೈನಿಕರೇ ಏಕೆ ಬೇಕು ಎಂಬುದಕ್ಕೆ ಪಂಜಾಬಿನ ಈ ಅನುಭವವೇ ಉತ್ತರವೆಂದು ನನಗನಿಸುತ್ತದೆ. ಜಗಳವಾಡುವವರಿಬ್ಬರಲ್ಲಿ ಯಾರ ರಕ್ತಸಂಬಂಧಿಯೂ ಅಲ್ಲದವನಷ್ಟೇ ಇಬ್ಬರ ನಡುವೆ ನಿಲ್ಲಬಲ್ಲ. ಹೊರಗಿನವನಿಗೆ ಆ ಊರಿನ ಕಷ್ಟಸುಖ ತಿಳಿಯದು, ನಿಜ. ಆದರೆ ಆ ಊರಿನಲ್ಲಿ ತೀರಿಸಿಕೊಳ್ಳಬೇಕಾದ ಹಗೆಯೂ ಅವನಿಗಿಲ್ಲ.

ಕಾಶ್ಮೀರದ ಸಾಹಸ ಎಲ್ಲರಿಗೂ ತಿಳಿದದ್ದೇ. 1948ರ ಮೇ ತಿಂಗಳಲ್ಲಿ ಮೆಹರ್ ಸಿಂಗರ ಡಕೋಟಾ ವಿಮಾನದಲ್ಲಿ ಅವರು ಲೇಹ್‌ನಲ್ಲಿ ಇಳಿದರು. ಅದೇ ವರ್ಷದ ನವೆಂಬರ್ 1ರಂದು, ಹನ್ನೊಂದು ಸಾವಿರ ಅಡಿಗೂ ಮಿಕ್ಕಿದ ಎತ್ತರದ ಜೋಜಿ ಲಾ ಕಣಿವೆಗೆ ಟ್ಯಾಂಕುಗಳನ್ನು ಹತ್ತಿಸಿ, ತಾವೂ ಮುಂಚೂಣಿಯಲ್ಲಿದ್ದು, ಶತ್ರುಗಳನ್ನು ತೆರವುಗೊಳಿಸಿದರು. ಲಡಾಖ್ ಉಳಿಯಿತು. ನಾನು ತರಗತಿಯಲ್ಲಿ ಹೇಳುತ್ತಿದ್ದ ಕಥೆ ಇಲ್ಲಿಗೆ ಮುಗಿಯುತ್ತಿತ್ತು. ಆದರೆ ಅವರ ಬದುಕಿನ ಅತ್ಯಂತ ಕಠಿಣ ಪರೀಕ್ಷೆಗಳು ಆರಂಭವಾದದ್ದು ಇದಾದ ಮೇಲೆ.

1950ರ ಜೂನಿನಲ್ಲಿ ಕೊರಿಯದಲ್ಲಿ ಯುದ್ಧ ಹತ್ತಿಕೊಂಡಿತು. ಒಂದೇ ಭಾಷೆಯನ್ನಾಡುವ ಒಂದೇ ಜನ ಉತ್ತರ, ದಕ್ಷಿಣಗಳೆಂದು ಒಡೆದು ಕಾದಾಡಿದರು. ಉತ್ತರಕ್ಕೆ ಚೀನಾ, ದಕ್ಷಿಣಕ್ಕೆ ಅಮೆರಿಕದ ನೇತೃತ್ವದ ವಿಶ್ವಸಂಸ್ಥೆಯ ಸೇನೆ ಬೆಂಬಲವಾಗಿ ನಿಂತವು. 1953ರ ಜುಲೈ 27ರಂದು ಕದನವಿರಾಮವಾಯಿತು. ಆದರೆ ಸಂಧಾನವನ್ನು ಬಹುಕಾಲ ತಡೆದಿದ್ದ ಪ್ರಶ್ನೆಯೊಂದು ಹಾಗೆಯೇ ಉಳಿದಿತ್ತು. ಯುದ್ಧಕೈದಿಗಳಲ್ಲಿ ಸಾವಿರಾರು ಮಂದಿ ಸ್ವದೇಶಕ್ಕೆ ಮರಳಲು ಒಪ್ಪಲಿಲ್ಲ. ಅವರ ನಿಜವಾದ ಇಚ್ಛೆಯನ್ನು ತಿಳಿಯುವುದಕ್ಕಾಗಿ ಸ್ವೀಡನ್, ಸ್ವಿಟ್ಜರ್‌ಲೆಂಡ್, ಪೋಲೆಂಡ್, ಚೆಕೊಸ್ಲೊವಾಕಿಯ ಮತ್ತು ಭಾರತ, ಈ ಐದು ತಟಸ್ಥ ರಾಷ್ಟ್ರಗಳ ಆಯೋಗವೊಂದು ರಚಿತವಾಯಿತು. ಅಧ್ಯಕ್ಷಸ್ಥಾನ ಭಾರತಕ್ಕೆ ಬಂದಿತು; ಆ ಸ್ಥಾನಕ್ಕೆ ಲೆಫ್ಟಿನೆಂಟ್ ಜನರಲ್ ತಿಮ್ಮಯ್ಯನವರು ನೇಮಕಗೊಂಡರು. ಕೈದಿಗಳನ್ನು ಕಾಯಲು ಮೇಜರ್ ಜನರಲ್ ಥೋರಾಟರ ನಾಯಕತ್ವದಲ್ಲಿ ಸುಮಾರು 6 ಸಾವಿರ ಭಾರತೀಯ ಯೋಧರು ಹಡಗೇರಿದರು. ಅವರು ತನ್ನ ನೆಲವನ್ನು ಮೆಟ್ಟಕೂಡದೆಂದು ದಕ್ಷಿಣ ಕೊರಿಯ ಸರ್ಕಾರ ಹಠ ಹಿಡಿದದ್ದರಿಂದ, ಹಡಗುಗಳಿಂದ ಹೆಲಿಕಾಪ್ಟರುಗಳ ಮೂಲಕವೇ ಅವರನ್ನು ನಿಸ್ಸೇನಾ ವಲಯಕ್ಕೆ ಸಾಗಿಸಬೇಕಾಯಿತು. ಶಾಂತಿ ಕಾಯಲು ಹೋದವರಿಗೆ ದೊರೆತ ಸ್ವಾಗತವದು!

ದಕ್ಷಿಣದವರು ಒಪ್ಪಿಸಿದ ಕೈದಿಗಳು 22 ಸಾವಿರಕ್ಕೂ ಹೆಚ್ಚು. ಉತ್ತರದವರು ಒಪ್ಪಿಸಿದವರು 359. ಒಪ್ಪಂದದಂತೆ, ಪ್ರತಿಯೊಬ್ಬ ಕೈದಿಗೂ ಅವನ ದೇಶದ ಪ್ರತಿನಿಧಿಗಳು ಸ್ಥಿತಿಗತಿಯನ್ನು ವಿವರಿಸಬೇಕು. ಅನಂತರ ಅವನು ಎರಡು ಬಾಗಿಲುಗಳಲ್ಲಿ ಒಂದನ್ನು ಆರಿಸಿಕೊಂಡು ಹೊರನಡೆಯಬೇಕು. ಒಂದು ಬಾಗಿಲು ಮನೆಗೆ, ಇನ್ನೊಂದು ಮರಳಿ ಶಿಬಿರಕ್ಕೆ. ಕಾಗದದ ಮೇಲೆ ಇದು ಸರಳ. ಶಿಬಿರದೊಳಗಾದರೋ ಕೈದಿಗಳನ್ನು ಅವರವರ ನಡುವಿನ ನಾಯಕರೇ ಭಯದಲ್ಲಿ ಹಿಡಿದಿಟ್ಟಿದ್ದರು. ಮನೆಗೆ ಹೋಗಬೇಕೆನ್ನುವವನ ಜೀವಕ್ಕೇ ಅಪಾಯವಿತ್ತು. ಒಮ್ಮೆ ಕೈದಿಗಳು ಭಾರತೀಯ ಮೇಜರ್ ಒಬ್ಬರನ್ನು ಹಿಡಿದಿಟ್ಟುಕೊಂಡಾಗ ಥೋರಾಟರು ತಾವೇ ಅವರ ಅಂಗಳಕ್ಕೆ ಹೋಗಿ, ಮಾತಿನಿಂದಲೇ ಕೈದಿಗಳನ್ನು ತಣಿಸಿ, ಅವರನ್ನು ಬಿಡಿಸಿಕೊಂಡು ಬಂದರು. ಇನ್ನೊಮ್ಮೆ ಗಲಭೆ ಮೀರಿ ಕಾವಲಿನವರು ಗುಂಡು ಹಾರಿಸಬೇಕಾಗಿ ಬಂದು ಕೆಲವು ಕೈದಿಗಳು ಸತ್ತರು. ಆಯೋಗದೊಳಗೂ ನೆಮ್ಮದಿಯಿರಲಿಲ್ಲ. ಸ್ವೀಡನ್ ಮತ್ತು ಸ್ವಿಟ್ಜರ್‌ಲೆಂಡ್ ಒಂದು ಕಡೆ, ಪೋಲೆಂಡ್ ಮತ್ತು ಚೆಕೊಸ್ಲೊವಾಕಿಯ ಇನ್ನೊಂದು ಕಡೆ. ಹೀಗಾಗಿ ಪ್ರತಿ ತೀರ್ಮಾನದಲ್ಲಿಯೂ ತಕ್ಕಡಿಯ ಮುಳ್ಳು ಅಧ್ಯಕ್ಷರ ಕೈಯಲ್ಲಿಯೇ ನಿಲ್ಲುತ್ತಿತ್ತು. ಯಾವ ಕಡೆಗೆ ಮತ ಹಾಕಿದರೂ ಮತ್ತೊಂದು ಕಡೆಯವರಿಗೆ ಅವರು ಪಕ್ಷಪಾತಿ.

ಇಲ್ಲಿ ನನ್ನದೇ ಒಂದು ಸಣ್ಣ ಅನುಭವವನ್ನು ಹೇಳಲು ಅಪ್ಪಣೆಯಿರಲಿ. ಅಧ್ಯಾಪಕನಾದ ಹೊಸತರಲ್ಲಿ, ಕಬಡ್ಡಿ ಪಂದ್ಯವೊಂದು ಮುಗಿದ ಮೇಲೆ ಎರಡು ತಂಡಗಳ ಹುಡುಗರು ಕೈಕೈ ಮಿಲಾಯಿಸಿದಾಗ ನಾನು ನಡುವೆ ಹೋಗಿ ನಿಂತೆ. ಅಂಗಿ ಹರಿಯಿತು, ಜಗಳ ನಿಂತಿತು. ಮರುದಿನ ಒಂದು ತಂಡದ ಮಕ್ಕಳ ತಂದೆತಾಯಿಯರು ಬಂದು, ನಾನು ಎದುರು ತಂಡದ ಪಕ್ಷ ವಹಿಸಿದೆನೆಂದು ದೂರಿದರು. ಸಂಜೆ ಎದುರು ತಂಡದವರೂ ಬಂದು ಅದೇ ದೂರನ್ನು ಹೇಳಿದರು. ಬೇಸರಗೊಂಡಿದ್ದ ನನಗೆ ಹಿರಿಯ ಅಧ್ಯಾಪಕರೊಬ್ಬರು ಸಮಾಧಾನ ಹೇಳುತ್ತ, ದೂರು ಎರಡೂ ಕಡೆಯಿಂದ ಬಂದುದರಿಂದ ನಾನು ನಿಂತ ಜಾಗ ಸರಿಯಾಗಿಯೇ ಇದ್ದಿರಬೇಕೆಂದರು. ಮೈದಾನದ ಜಗಳಕ್ಕೂ ಕೊರಿಯದ ಯುದ್ಧಕ್ಕೂ ಹೋಲಿಕೆಯೇ ಎಂದು ಓದುಗರು ನಗಬಹುದು. ಆದರೂ ತಿಮ್ಮಯ್ಯನವರ ಕೊರಿಯದ ದಿನಗಳನ್ನು ಓದುವಾಗ ನನಗೆ ಆ ಹರಿದ ಅಂಗಿಯ ನೆನಪಾಗುತ್ತಿತ್ತು.

ವಿವರಣೆಯ ಕಾರ್ಯ ಪದೇ ಪದೇ ನಿಂತುಹೋಯಿತು. 1953ರ ಡಿಸೆಂಬರಿನಲ್ಲಿ ಅವಧಿ ತೀರಿದಾಗ ವಿವರಣೆಯನ್ನು ಕೇಳಿದ್ದವರು 3 ಸಾವಿರಕ್ಕಿಂತ ಸ್ವಲ್ಪ ಹೆಚ್ಚು ಮಂದಿ ಮಾತ್ರ. ಉಳಿದವರನ್ನು ಏನು ಮಾಡುವುದು? ಬಲವಂತವಾಗಿ ಸ್ವದೇಶಕ್ಕೆ ಅಟ್ಟುವಂತಿಲ್ಲ. ತಾವಾಗಿಯೇ ಸ್ವತಂತ್ರರೆಂದು ಘೋಷಿಸಲು ಆಯೋಗದಲ್ಲಿ ಒಮ್ಮತವಿಲ್ಲ. 1954ರ ಜನವರಿ 20ರಿಂದ ತಿಮ್ಮಯ್ಯನವರು ಕೈದಿಗಳನ್ನು ಯಾರು ಒಪ್ಪಿಸಿದ್ದರೋ ಅವರ ವಶಕ್ಕೇ ಮರಳಿಸಿದರು. ಎರಡೂ ಬಣಗಳಿಂದ ಆಕ್ಷೇಪಣೆಗಳು ಬಂದವು. ಯಾರಿಗೂ ಪೂರ್ಣ ತೃಪ್ತಿಯಾಗಲಿಲ್ಲ. ಆದರೆ ಯುದ್ಧ ಮತ್ತೆ ಹೊತ್ತಿಕೊಳ್ಳಲಿಲ್ಲ. ಯಾವ ದೇಶಕ್ಕೂ ಹೋಗಲೊಲ್ಲದ ಎಂಬತ್ತಕ್ಕೂ ಹೆಚ್ಚು ಕೈದಿಗಳು ಮರಳುವ ಭಾರತೀಯ ಪಡೆಯೊಂದಿಗೆ ನಮ್ಮ ದೇಶಕ್ಕೆ ಬಂದರು. ಆ ವರ್ಷ ತಿಮ್ಮಯ್ಯನವರಿಗೆ ಪದ್ಮಭೂಷಣ ಪ್ರಶಸ್ತಿ ಸಂದಿತು. ಈ ಅನುಭವವನ್ನು ಕುರಿತು ಅವರು ಬರೆದ ಪುಸ್ತಕ ಅವರ ನಿಧನದ ಎಷ್ಟೋ ವರ್ಷಗಳ ಮೇಲೆ, 1981ರಲ್ಲಿ ಬೆಳಕು ಕಂಡಿತು.

1957ರ ಮೇ ತಿಂಗಳಲ್ಲಿ ಅವರು ಭಾರತೀಯ ಭೂಸೇನೆಯ ಮುಖ್ಯಸ್ಥರಾದರು. 1959ರಲ್ಲಿ ರಕ್ಷಣಾ ಸಚಿವ ಕೃಷ್ಣ ಮೆನನ್ನರೊಡನೆ ಭಿನ್ನಾಭಿಪ್ರಾಯವಾಗಿ ರಾಜೀನಾಮೆ ಸಲ್ಲಿಸಿದ್ದು, ಪ್ರಧಾನಿ ನೆಹರೂ ಅವರ ಮಾತಿಗೆ ಕಟ್ಟುಬಿದ್ದು ಅದನ್ನು ಹಿಂತೆಗೆದುಕೊಂಡದ್ದು ಚರಿತ್ರೆಗೆ ಸೇರಿದೆ. ಅವರ ಅಧಿಕಾರಾವಧಿಯಲ್ಲಿಯೇ ಆಫ್ರಿಕದ ಕಾಂಗೊ ಸ್ವಾತಂತ್ರ್ಯ ಪಡೆದ ಕೆಲವೇ ದಿನಗಳಲ್ಲಿ ಅಂತಃಕಲಹಕ್ಕೆ ಸಿಲುಕಿತು. 1961ರ ಮಾರ್ಚಿನಲ್ಲಿ ವಿಶ್ವಸಂಸ್ಥೆಯ ಕೋರಿಕೆಯ ಮೇರೆಗೆ ಭಾರತದ ಇಡೀ ಬ್ರಿಗೇಡ್ ಒಂದು ಅಲ್ಲಿಗೆ ಹೊರಟಿತು. ಅದೇ ವರ್ಷದ ಡಿಸೆಂಬರ್ 5ರಂದು, ತಿಮ್ಮಯ್ಯನವರು ನಿವೃತ್ತರಾದ ಏಳು ತಿಂಗಳ ಮೇಲೆ, ಕ್ಯಾಪ್ಟನ್ ಗುರುಬಚನ್ ಸಿಂಗ್ ಸಲಾರಿಯಾ ಅವರು ಎಲಿಸಬೆತ್‌ವಿಲ್ ಪಟ್ಟಣದಲ್ಲಿ ರಸ್ತೆ ತಡೆಯನ್ನು ತೆರವುಗೊಳಿಸುವ ಕಾಳಗದಲ್ಲಿ ಮಡಿದು ಪರಮವೀರ ಚಕ್ರಕ್ಕೆ ಪಾತ್ರರಾದರು. ಶಾಂತಿ ಕಾಯುವ ಕೆಲಸವೆಂದರೆ ಸುಮ್ಮನೆ ನಿಂತಿರುವುದಲ್ಲ, ಪ್ರಾಣವನ್ನೇ ಕೊಡಬೇಕಾಗಿ ಬರುವ ಕೆಲಸವೆಂಬುದಕ್ಕೆ ಅವರ ಬಲಿದಾನವೇ ಸಾಕ್ಷಿ.

ಇನ್ನು ಸೈಪ್ರಸ್. ಮೆಡಿಟರೇನಿಯನ್ ಸಮುದ್ರದ ಪೂರ್ವ ಮೂಲೆಯಲ್ಲಿರುವ ಈ ದ್ವೀಪ ಬ್ರಿಟಿಷರಿಂದ ಸ್ವತಂತ್ರವಾದದ್ದು 1960ರ ಆಗಸ್ಟ್ 16ರಂದು. ಜನರಲ್ಲಿ ನೂರಕ್ಕೆ ಎಂಬತ್ತರಷ್ಟು ಗ್ರೀಕ್ ಭಾಷೆಯ ಕ್ರೈಸ್ತರು, ಹದಿನೆಂಟರಷ್ಟು ತುರ್ಕಿ ಭಾಷೆಯ ಮುಸ್ಲಿಮರು. ಅಧ್ಯಕ್ಷರು ಗ್ರೀಕ್ ಸಮುದಾಯದ ಆರ್ಚ್‌ಬಿಷಪ್ ಮಕಾರಿಯೋಸ್, ಉಪಾಧ್ಯಕ್ಷರು ತುರ್ಕಿ ಸಮುದಾಯದ ಡಾಕ್ಟರ್ ಕುಚುಕ್. ಎರಡು ಸಮುದಾಯಗಳೂ ಒಂದೇ ಊರಿನಲ್ಲಿ, ಒಂದೇ ಬೀದಿಯಲ್ಲಿ ಬಾಳುತ್ತಿದ್ದ ಸ್ಥಳಗಳು ಅನೇಕವಿದ್ದವು. 1963ರ ನವೆಂಬರಿನಲ್ಲಿ ಮಕಾರಿಯೋಸರು ಸಂವಿಧಾನಕ್ಕೆ ಹದಿಮೂರು ತಿದ್ದುಪಡಿಗಳನ್ನು ಸೂಚಿಸಿದರು. ತುರ್ಕಿ ಸಮುದಾಯ ಅದರಲ್ಲಿ ತನ್ನ ಹಕ್ಕುಗಳ ನಾಶವನ್ನು ಕಂಡಿತು. ಡಿಸೆಂಬರ್ 21ರಂದು ರಾಜಧಾನಿ ನಿಕೋಸಿಯಾದಲ್ಲಿ ಕಾಳಗ ಹೊತ್ತಿಕೊಂಡಿತು. ವರ್ಷಾಂತ್ಯದ ವೇಳೆಗೆ ಬ್ರಿಟಿಷ್ ಸೇನಾನಿ ಪೀಟರ್ ಯಂಗ್ ಅವರು ನಗರದ ನಕಾಶೆಯ ಮೇಲೆ ಹಸಿರು ಪೆನ್ಸಿಲಿನಿಂದ ಗೆರೆಯೊಂದನ್ನು ಎಳೆದರು. ಆ ಗೆರೆಯೇ ನೆರೆಹೊರೆಯವರ ನಡುವಿನ ಗಡಿಯಾಯಿತು. ಸುಮಾರು 25 ಸಾವಿರ ತುರ್ಕಿ ಸೈಪ್ರಸಿಗರು ಮನೆಮಠ ತೊರೆದು, ತಮ್ಮವರೇ ಇದ್ದ ಸಣ್ಣ ಸಣ್ಣ ಪ್ರದೇಶಗಳಲ್ಲಿ ಗುಂಪುಗೂಡಿದರು.

1964ರ ಮಾರ್ಚ್ 4ರಂದು ಭದ್ರತಾ ಮಂಡಳಿ ಶಾಂತಿಪಡೆಯನ್ನು ಕಳುಹಿಸಲು ನಿರ್ಣಯಿಸಿತು. ಬ್ರಿಟನ್, ಕೆನಡ, ಐರ್ಲೆಂಡ್, ಸ್ವೀಡನ್, ಡೆನ್ಮಾರ್ಕ್, ಫಿನ್ಲೆಂಡ್ ದೇಶಗಳ ಯೋಧರು ನೀಲಿ ಟೊಪ್ಪಿ ಧರಿಸಿ ಬಂದರು. ಅವರ ಸಂಖ್ಯೆ ಸುಮಾರು 6,400ಕ್ಕೆ ಏರಿತು. ಭಾರತದ ಒಂದು ತುಕಡಿಯೂ ಅದರಲ್ಲಿರಲಿಲ್ಲ. ಆದರೂ ಮೊದಲ ಮುಖ್ಯಸ್ಥರು ಭಾರತದ ಲೆಫ್ಟಿನೆಂಟ್ ಜನರಲ್ ಗ್ಯಾನಿ. ಅವರ ಬಳಿಕ ಆ ವರ್ಷದ ಬೇಸಗೆಯಲ್ಲಿ ಮಹಾಕಾರ್ಯದರ್ಶಿ ಊ ಥಾಂಟರ ಕರೆಗೆ ಓಗೊಟ್ಟು ಬಂದವರು ತಿಮ್ಮಯ್ಯನವರು. ಆಗ ಅವರಿಗೆ ಐವತ್ತೆಂಟು ವರ್ಷ. ನಿವೃತ್ತರಾಗಿ ಕೊಡಗಿನ ತೋಟದ ನೆರಳಿನಲ್ಲಿ ವಿಶ್ರಮಿಸಬಹುದಾಗಿತ್ತು. ಆರು ದೇಶಗಳ, ಆರು ಬಗೆಯ ಶಿಸ್ತಿನ ಯೋಧರ ಹೊಣೆಯನ್ನು ಹೊತ್ತು, ಪರದೇಶದ ಬಿಸಿಲಿನಲ್ಲಿ ನಿಲ್ಲುವುದನ್ನು ಅವರು ಆರಿಸಿಕೊಂಡರು.

ಆ ಪಡೆಗಿದ್ದ ಅಧಿಕಾರವಾದರೂ ಎಷ್ಟು? ಆತ್ಮರಕ್ಷಣೆಗಲ್ಲದೆ ಗುಂಡು ಹಾರಿಸುವಂತಿಲ್ಲ. ಯಾರನ್ನೂ ಸೋಲಿಸುವಂತಿಲ್ಲ, ಯಾರ ನೆಲವನ್ನೂ ಹಿಡಿಯುವಂತಿಲ್ಲ. ಪಡೆಯ ಅವಧಿಯೇ ಮೂರು ಮೂರು ತಿಂಗಳಿನದು. ಖರ್ಚು ನಡೆಯುತ್ತಿದ್ದುದು ರಾಷ್ಟ್ರಗಳು ತಾವಾಗಿ ಕೊಡುವ ವಂತಿಗೆಯಿಂದ. ಜೋಜಿ ಲಾದಲ್ಲಿ ಟ್ಯಾಂಕುಗಳಿಂದ ಬೆಟ್ಟವನ್ನೇ ನಡುಗಿಸಿದ ಸೇನಾನಿಗೆ ಇಲ್ಲಿದ್ದ ಆಯುಧಗಳು ಎರಡೇ: ತಾಳ್ಮೆ ಮತ್ತು ಮಾತು. ಜೊತೆಗೆ ಸಂದೇಹಗಳೂ ಇದ್ದವು. ಅಲಿಪ್ತ ರಾಷ್ಟ್ರಗಳ ಕೂಟದಲ್ಲಿ ಭಾರತ ಮತ್ತು ಮಕಾರಿಯೋಸರ ಸರ್ಕಾರ ಸ್ನೇಹಿತರು. ತುರ್ಕಿ ದೇಶ ಪಾಕಿಸ್ತಾನದ ಮಿತ್ರ. ಭಾರತೀಯನಾದ ಮುಖ್ಯಸ್ಥನನ್ನು ತುರ್ಕಿ ಸೈಪ್ರಸಿಗರು ಶಂಕೆಯಿಂದ ನೋಡಲು ಇಷ್ಟೇ ಸಾಕಾಗಿತ್ತು.

ಅವರು ಬಂದ ಕೆಲವೇ ವಾರಗಳಲ್ಲಿ ಪರೀಕ್ಷೆ ಎದುರಾಯಿತು. 1964ರ ಆಗಸ್ಟಿನಲ್ಲಿ ದ್ವೀಪದ ವಾಯವ್ಯ ಕರಾವಳಿಯ ಕೊಕ್ಕಿನಾ ಪ್ರದೇಶದಲ್ಲಿ ತುರ್ಕಿ ಸೈಪ್ರಸಿಗರ ನೆಲೆಯ ಮೇಲೆ ಗ್ರೀಕ್ ಪಡೆಗಳು ದಾಳಿ ಮಾಡಿದವು. ಆಗಸ್ಟ್ 8 ಮತ್ತು 9ರಂದು ತುರ್ಕಿಯ ವಿಮಾನಗಳು ಬಂದು ಗ್ರೀಕ್ ಹಳ್ಳಿಗಳ ಮೇಲೆ ಬಾಂಬು ಸುರಿದವು. ನಿರಪರಾಧಿಗಳು ಸತ್ತರು. ತುರ್ಕಿ, ಗ್ರೀಸ್ ದೇಶಗಳ ನಡುವೆಯೇ ಯುದ್ಧ ಸಿಡಿಯುವಂತಿತ್ತು. ಲಘು ಶಸ್ತ್ರಗಳ ಶಾಂತಿಪಡೆ ಆ ಕಾಳಗವನ್ನು ತಡೆಯಲಾರದೆ ಹೋಯಿತೆಂಬುದನ್ನು ಮುಚ್ಚಿಡಬೇಕಾಗಿಲ್ಲ. ಆದರೆ ಭದ್ರತಾ ಮಂಡಳಿಯ ಕರೆಯಂತೆ ಕದನವಿರಾಮವಾದ ಕೂಡಲೇ ಎರಡು ಬಣಗಳ ನಡುವೆ ಹೋಗಿ ನಿಂತವರು, ಮುತ್ತಿಗೆಯೊಳಗೆ ಸಿಲುಕಿದ್ದವರಿಗೆ ಆಹಾರ ತಲುಪುವಂತೆ ನೋಡಿಕೊಂಡವರು ಅವರೇ. ಮರುತಿಂಗಳು ಇನ್ನೊಂದು ಆಘಾತ: ಶಾಂತಿಪಡೆಯದೇ ಕೆಲವು ಯೋಧರು ಒಂದು ಬಣಕ್ಕೆ ಗುಟ್ಟಾಗಿ ಆಯುಧಗಳನ್ನು ಸಾಗಿಸುತ್ತಿದ್ದಾಗ ಸಿಕ್ಕಿಬಿದ್ದರು. ನಡುವೆ ನಿಂತವನ ಬಂಡವಾಳವೆಲ್ಲ ನಂಬಿಕೆ. ಅದು ಹೋದರೆ ನೀಲಿ ಟೊಪ್ಪಿ ಬರಿಯ ಬಟ್ಟೆ. ತಪ್ಪಿತಸ್ಥರನ್ನು ಸ್ವದೇಶಕ್ಕೆ ಕಳುಹಿಸಿ, ಕಳೆದ ನಂಬಿಕೆಯನ್ನು ದಿನದಿನದ ನಡತೆಯಿಂದ ಮತ್ತೆ ಗಳಿಸಬೇಕಾಯಿತು.

ಆ ದಿನದಿನದ ಕೆಲಸ ಪತ್ರಿಕೆಗಳ ಮುಖಪುಟಕ್ಕೆ ಬರುವಂಥದಲ್ಲ. ಎರಡು ಬಣಗಳ ಕಾವಲುಗಳ ನಡುವೆ ಸಿಕ್ಕಿದ ಹೊಲಗಳಲ್ಲಿ ಪೈರು ಬಲಿತು ನಿಂತಿದ್ದಾಗ, ರೈತ ಕುಯ್ಲು ಮುಗಿಸುವವರೆಗೆ ಯೋಧರು ಕಾವಲಿದ್ದರು. ನೀರು, ವಿದ್ಯುತ್ತು ಕಡಿದುಹೋದ ಕಡೆ ಮಾತುಕತೆ ನಡೆಸಿ ಮತ್ತೆ ಹರಿಯುವಂತೆ ಮಾಡಿದರು. ಮುತ್ತಿಗೆಯೊಳಗಿನವರಿಗೆ ಯಾವ ಸರಕು ಎಷ್ಟು ಹೋಗಬಹುದೆಂಬ ಚೌಕಾಸಿ ದಿನಗಟ್ಟಲೆ ನಡೆಯುತ್ತಿತ್ತು. 1964ರ ಅಕ್ಟೋಬರ್ 26ರಿಂದ, ಅಲ್ಲಿಯವರೆಗೆ ತುರ್ಕಿ ಬಣದ ಹಿಡಿತದಲ್ಲಿದ್ದ ನಿಕೋಸಿಯಾ-ಕಿರೀನಿಯ ರಸ್ತೆ ಶಾಂತಿಪಡೆಯ ವಶಕ್ಕೆ ಬಂದಿತು. ಗ್ರೀಕ್ ಸೈಪ್ರಸಿಗರ ವಾಹನಗಳು ಅದರ ಬೆಂಗಾವಲಿನಲ್ಲಿ ಸಾಲುಗಟ್ಟಿ ಸಾಗತೊಡಗಿದವು. ಒಂದು ರಸ್ತೆ ತೆರೆಯಿತು, ಒಂದು ಹೊಲ ಕುಯ್ಲಾಯಿತು, ಒಂದು ಊರಿಗೆ ನೀರು ಬಂತು. ಈ ಸೇನಾನಿಯ ದಿಗ್ವಿಜಯಗಳು ಇವೇ. ಇಂಥ ಗೆಲುವಿಗೆ ವಿಜಯಸ್ತಂಭವನ್ನು ನೆಡುವವರಿಲ್ಲ. ಆಗದೆ ಹೋದ ಕೊಲೆಗಳನ್ನು ಎಣಿಸುವ ಲೆಕ್ಕಪುಸ್ತಕವೂ ಇಲ್ಲ.

1965ರ ಸೆಪ್ಟೆಂಬರಿನಲ್ಲಿ ಭಾರತ ಮತ್ತು ಪಾಕಿಸ್ತಾನಗಳ ನಡುವೆ ಯುದ್ಧ ನಡೆಯಿತು. ತಾವು ಕಟ್ಟಿ ಬೆಳೆಸಿದ ಸೇನೆ ಪಂಜಾಬ್, ಕಾಶ್ಮೀರಗಳಲ್ಲಿ ಕಾದಾಡುತ್ತಿದ್ದಾಗ, ಪಾಕಿಸ್ತಾನದ ಮಿತ್ರರಾದ ತುರ್ಕಿಯವರಿಗೂ ಅವರ ಎದುರಾಳಿಗಳಿಗೂ ಸಮಾನ ನ್ಯಾಯವನ್ನು ನೀಡುತ್ತ ಅವರು ನಿಕೋಸಿಯಾದಲ್ಲಿ ಕುಳಿತಿರಬೇಕಾಗಿತ್ತು. ಆ ದಿನಗಳಲ್ಲಿ ಅವರ ಮನಸ್ಸಿನ ತೊಳಲಾಟ ಹೇಗಿದ್ದಿರಬಹುದೆಂದು ನಾನು ಎಷ್ಟೋ ಸಲ ಯೋಚಿಸಿದ್ದೇನೆ. ನವೆಂಬರಿನಲ್ಲಿ ಫಾಮಗುಸ್ಟಾ ಪಟ್ಟಣದಲ್ಲಿ ಮತ್ತೆ ಗುಂಡಿನ ಸದ್ದು ಕೇಳಿಸಿತು; ಮತ್ತೆ ಸಂಧಾನ, ಮತ್ತೆ ಕದನವಿರಾಮ. ಡಿಸೆಂಬರ್ 18ರಂದು ಹೃದಯಾಘಾತದಿಂದ ತಿಮ್ಮಯ್ಯನವರು ಸೈಪ್ರಸಿನಲ್ಲಿಯೇ ಕೊನೆಯುಸಿರೆಳೆದರು. ಅರುವತ್ತು ಇನ್ನೂ ತುಂಬಿರಲಿಲ್ಲ. ಪಾರ್ಥಿವ ಶರೀರವನ್ನು ವಿಮಾನದಲ್ಲಿ ಬೆಂಗಳೂರಿಗೆ ತರಲಾಯಿತು.

1966ರಲ್ಲಿ ಸೈಪ್ರಸ್ ಸರ್ಕಾರ ಅವರ ಭಾವಚಿತ್ರವಿರುವ ಅಂಚೆಚೀಟಿಯನ್ನು ಹೊರಡಿಸಿತು. ಲಾರ್ನಕಾ ನಗರದ ಒಂದು ಹೆದ್ದಾರಿಗೆ ಅವರ ಹೆಸರಿದೆ. ಪರದೇಶದ ಸೈನಿಕರನ್ನು ಕಂಡರೆ ಸಿಡಿಮಿಡಿಗೊಳ್ಳುವುದು ಲೋಕದ ರೂಢಿ. ಅಂಥಲ್ಲಿ ಪರದೇಶದ ಸೇನಾನಿಯೊಬ್ಬನ ಹೆಸರನ್ನು ಬೀದಿಗಿಟ್ಟು ಉಳಿಸಿಕೊಂಡಿರುವುದು ಸಣ್ಣ ಸಂಗತಿಯಲ್ಲ.

ಹಾಗಾದರೆ ಅವರು ಗೆದ್ದರೇ? 1974ರಲ್ಲಿ ಸೈಪ್ರಸಿನಲ್ಲಿ ಸೈನಿಕ ಕ್ಷಿಪ್ರಕ್ರಾಂತಿಯಾಗಿ, ಅದರ ಬೆನ್ನಿಗೇ ತುರ್ಕಿಯ ಸೇನೆ ಬಂದಿಳಿದು, ದ್ವೀಪ ಇಬ್ಭಾಗವಾಯಿತು. ಆಗಲೂ ಶಾಂತಿಪಡೆಯ ಮುಖ್ಯಸ್ಥರಾಗಿದ್ದವರು ಭಾರತೀಯರೇ ಆದ ಜನರಲ್ ಪ್ರೇಮಚಂದ್. ಹಸಿರು ಗೆರೆ ಇಂದು ಸುಮಾರು 180 ಕಿಲೋಮೀಟರ್ ಉದ್ದದ ನಡುವಲಯವಾಗಿದೆ. ನೀಲಿ ಟೊಪ್ಪಿಯವರು ಇಂದಿಗೂ ಅದನ್ನು ಕಾಯುತ್ತಿದ್ದಾರೆ. ಆರಂಭದಿಂದ ಈವರೆಗೆ ಆ ಪಡೆಯ 180ಕ್ಕೂ ಹೆಚ್ಚು ಮಂದಿ ಅಲ್ಲಿ ಪ್ರಾಣ ತೆತ್ತಿದ್ದಾರೆ. ಇದನ್ನು ಕಂಡು, ಶಾಂತಿಪಡೆಯಿಂದ ಆದ ಪ್ರಯೋಜನವೇನೆಂದು ಕೇಳುವವರಿದ್ದಾರೆ. ಅವರ ಪ್ರಶ್ನೆಯಲ್ಲಿ ಸತ್ಯವಿಲ್ಲದಿಲ್ಲ. ನಡುವೆ ನಿಂತವನು ಜಗಳವನ್ನು ತಡೆಯಬಲ್ಲ, ಮನಸ್ಸುಗಳನ್ನು ಕೂಡಿಸಲಾರ. ಅದು ಜಗಳವಾಡಿದವರೇ ಮಾಡಬೇಕಾದ ಕೆಲಸ. ಅವನು ಕೊಡುವುದು ಕಾಲಾವಕಾಶವನ್ನು ಮಾತ್ರ. ಆ ಕಾಲವನ್ನು ಮುಖಂಡರು ಬಳಸಿಕೊಳ್ಳದಿದ್ದರೆ ತಪ್ಪು ಕಾವಲಿನವನದಲ್ಲ. ಆ ಅವಕಾಶದಲ್ಲಿ ಬದುಕಿಕೊಂಡ ರೈತನಿಗೆ, ಶಾಲೆಗೆ ಹೋದ ಮಗುವಿಗೆ ಅದರ ಬೆಲೆ ಗೊತ್ತು.

ಮಡಿಕೇರಿಯಲ್ಲಿ ತಿಮ್ಮಯ್ಯನವರು ಬೆಳೆದ ಸನ್ನಿಸೈಡ್ ಮನೆ ಈಗ ವಸ್ತುಸಂಗ್ರಹಾಲಯವಾಗಿದೆ. 2021ರ ಫೆಬ್ರವರಿ 6ರಂದು ಅಂದಿನ ರಾಷ್ಟ್ರಪತಿ ರಾಮನಾಥ ಕೋವಿಂದರು ಅದನ್ನು ಉದ್ಘಾಟಿಸಿದರು. ನಿವೃತ್ತನಾದ ಮೇಲೆ ನಾನೂ ಅಲ್ಲಿಗೆ ಹೋಗಿ ಬಂದೆ. ಆ ಮನೆಯ ಅಂಗಳದಲ್ಲಿ ನಿಂತಾಗ ನನಗೆ ಹಳೆಯ ವಿದ್ಯಾರ್ಥಿಯ ಪ್ರಶ್ನೆ ಮತ್ತೆ ಕೇಳಿಸಿದಂತಾಯಿತು. ಸೈಪ್ರಸಿನಲ್ಲಿ ನಮಗೆ ಶತ್ರುಗಳು ಯಾರೂ ಇರಲಿಲ್ಲ. ಇರಲಿಲ್ಲವಾದ್ದರಿಂದಲೇ ಅವರು ಅಲ್ಲಿಗೆ ಹೋಗಬಲ್ಲವರಾದರು. ಶತ್ರುವನ್ನು ಗೆದ್ದವರ ಸಾಲಿನಲ್ಲಿ ಜೋಜಿ ಲಾದ ತಿಮ್ಮಯ್ಯನವರಿಗೆ ಸ್ಥಾನವಿದೆ. ಶತ್ರುವನ್ನೇ ಮಾಡಿಕೊಳ್ಳದೆ ಎರಡು ಬಣಗಳ ನಡುವೆ ಕೊನೆಯವರೆಗೆ ನಿಂತ ಸೈಪ್ರಸಿನ ತಿಮ್ಮಯ್ಯನವರ ಸಾಲು ಅದಕ್ಕಿಂತ ಬಹಳ ಚಿಕ್ಕದು. ಅಂದು ಪ್ರತಿಮೆಯ ಕೆಳಗೆ ನಾನು ಹೇಳಬೇಕಾಗಿದ್ದ ಉತ್ತರ ಇಷ್ಟೇ.

ಆ ಹುಡುಗ ಈಗ ಎಲ್ಲಿದ್ದಾನೋ ಅರಿಯೆ. ಅವನಿಗೂ ಈಗ ನಡುವಯಸ್ಸಾಗಿರಬೇಕು. ಸುವರ್ಣ ಮಹೋತ್ಸವಕ್ಕೆ ಹಳೆಯ ವಿದ್ಯಾರ್ಥಿಗಳೆಲ್ಲ ಬರುತ್ತಾರೆಂದು ಕೇಳಿದ್ದೇನೆ. ಬಂದು ಈ ಸಂಚಿಕೆಯನ್ನು ತೆರೆದರೆ, ತಡವಾದರೂ ತನ್ನ ಪ್ರಶ್ನೆಯನ್ನು ಮೇಷ್ಟ್ರು ಮರೆತಿರಲಿಲ್ಲವೆಂದು ಅವನಿಗೆ ತಿಳಿದೀತು. ಇಂಥ ಪ್ರಶ್ನೆಗಳನ್ನು ಕೇಳುವ ಮಕ್ಕಳು ಈ ಶಾಲೆಯ ಬೆಂಚುಗಳಲ್ಲಿ ಮುಂದೆಯೂ ಕುಳಿತಿರಲಿ, ಅವರಿಗೆ ಉತ್ತರ ಹೇಳುವಷ್ಟು ಓದುವ ಅಧ್ಯಾಪಕರೂ ಇಲ್ಲಿರಲಿ ಎಂದು ಹಾರೈಸಿ, ಈ ಬರಹವನ್ನು ಶಾಲೆಗೆ ಒಪ್ಪಿಸುತ್ತೇನೆ.